ಯೂನಿಯನ್ ಮೂಲಕ ವೇತನ ಒಪ್ಪಂದ: ಯಾರಿಗೆ ಲಾಭ, ಯಾರಿಗೆ ನಷ್ಟ?

ಪೀಣ್ಯ ಹುಡುಗ:
ಎಲ್ಲರಿಗೂ ನಮಸ್ಕಾರ. ಪೀಣ್ಯದಲ್ಲಿ ಆಟೋ ಬಿಡಿಭಾಗ ಮಾಡುವ ಕಾರ್ಖಾನೆಯೊಂದರಲ್ಲಿ ಸಿಎನ್‌ಸಿ ಆಪರೇಟರ್ ಆಗಿದ್ದೇನೆ. ಟ್ರೈನಿಯಾಗಿ ಸೇರಿ ಈಗ ಪರ್ಮನೆಂಟ್ ಆಗಿದೆ. ನಮ್ಮಲ್ಲಿ ಮೂರು ವರ್ಷಕ್ಕೊಮ್ಮೆ ಯೂನಿಯನ್ ಮತ್ತು ಮ್ಯಾನೇಜ್‌ಮೆಂಟ್ ಕೂತು ಸೆಟಲ್‌ಮೆಂಟ್ ಮಾಡಿಕೊಳ್ಳುತ್ತಾರೆ. ಈಗಿನ ಒಪ್ಪಂದದ ಅವಧಿ ಮುಗಿಯುತ್ತಾ ಬಂದಿದೆ, ಬೇಡಿಕೆ ಪಟ್ಟಿ ತಯಾರಾಗ್ತಿದೆ. ಸರಿಯಾಗಿ ಇದೇ ಹೊತ್ತಿಗೆ ಎಚ್‌ಆರ್‌ನವರು ನಮ್ಮಂಥ ಹೊಸಬರನ್ನ ಒಬ್ಬೊಬ್ಬರಾಗಿ ಕರೆದು, "ನಿನ್ನ ಕೆಲಸ ಚೆನ್ನಾಗಿದೆ, ನೀನು ಯಾಕೆ ಎಲ್ಲರ ಜೊತೆ ಸರಾಸರಿ ತಗೋತೀಯ, ನಿನಗೇ ಬೇರೆ ಇನ್‌ಕ್ರಿಮೆಂಟ್ ಕೊಡ್ತೀವಿ" ಅಂತಿದ್ದಾರೆ.

ಹೋದ ಸಲದ ಒಪ್ಪಂದದಲ್ಲಿ ಏರಿಕೆಯ ಜೊತೆಗೆ ಉತ್ಪಾದನೆಯ ಷರತ್ತೂ ಇತ್ತು. ನಾನು ನಡೆಸುವ ಮೆಷಿನ್‌ನಲ್ಲಿ ಶಿಫ್ಟಿಗೆ 180 ಪೀಸ್ ಇದ್ದದ್ದು 205 ಆಯಿತು. ಸಹಿ ಹಾಕಿದ ಹಿರಿಯರಲ್ಲಿ ಹೆಚ್ಚಿನವರು ಆ ಮೆಷಿನ್ ಮೇಲೆ ನಿಲ್ಲುವವರೇ ಅಲ್ಲ. ಇದು ನನಗೆ ಬೇಸರ. ಆದರೆ ಒಬ್ಬನೇ ಹೋಗಿ ಮಾತಾಡಿದರೆ ಮುಂದಿನ ವರ್ಷ ಏನಾಗುತ್ತೋ ಅನ್ನೋ ಭಯವೂ ಇದೆ. ಅನುಭವ ಇರುವವರು ಎರಡೂ ಕಡೆಯಿಂದ ಹೇಳಿ.

ಜಾಲಹಳ್ಳಿ ನಿವೃತ್ತ:
ತಮ್ಮಾ, ಸಾರ್ವಜನಿಕ ವಲಯದ ಕಾರ್ಖಾನೆಯಲ್ಲಿ ದುಡಿದು ನಿವೃತ್ತನಾದವನು ನಾನು. ಯೂನಿಯನ್ ಸಮಿತಿಯಲ್ಲೂ ಇದ್ದೆ. ಸಂಬಳ ಎಷ್ಟು ಹೆಚ್ಚಿತು ಅನ್ನೋದನ್ನ ಸ್ವಲ್ಪ ಬದಿಗಿಡು. ಒಪ್ಪಂದ ಇಲ್ಲದ ಕಡೆ ನಿನ್ನ ಬಡ್ತಿ, ನಿನ್ನ ರಜೆ, ನಿನ್ನ ಶಿಫ್ಟ್ ಬದಲಾವಣೆ ಎಲ್ಲ ಫೋರ್‌ಮನ್‌ನ ಮರ್ಜಿ. ಒಪ್ಪಂದ ಇದ್ದರೆ ಬರವಣಿಗೆಯಲ್ಲಿ ಇರುತ್ತೆ: ಇಷ್ಟು ವರ್ಷಕ್ಕೆ ಮುಂದಿನ ಗ್ರೇಡ್, ಬೆಲೆ ಸೂಚ್ಯಂಕ ಏರಿದರೆ ಪಾಯಿಂಟಿಗೆ ಇಷ್ಟು ಡಿಎ (ತುಟ್ಟಿಭತ್ಯೆ), ರಾತ್ರಿ ಪಾಳಿಗೆ ಇಷ್ಟು. ಮ್ಯಾನೇಜರ್ ಬದಲಾದರೂ ಕಾಗದ ಬದಲಾಗಲ್ಲ. ನಮ್ಮ ಕಾಲದ ಎಷ್ಟೋ ಮನೆಗಳಲ್ಲಿ ಮಕ್ಕಳು ಓದಿದ್ದು, ಸೈಟ್ ತಗೊಂಡದ್ದು ಇದರಿಂದ.

ಆದರೆ ಯೂನಿಯನ್ ಅಂದರೆ ಗೆಲುವೇ ಅಂತ ನಾನು ಹೇಳಲ್ಲ. 1980ರ ಡಿಸೆಂಬರ್ ಕೊನೆಯಲ್ಲಿ ಶುರುವಾದ ಬೆಂಗಳೂರಿನ ಮುಷ್ಕರ ಈಗಿನವರಿಗೆ ಗೊತ್ತಿಲ್ಲ. ಎಚ್‌ಎಎಲ್, ಬಿಇಎಲ್, ಎಚ್‌ಎಂಟಿ, ಐಟಿಐ, ಬಿಇಎಂಎಲ್, ಈ ಕೇಂದ್ರ ಸರ್ಕಾರದ ಕಾರ್ಖಾನೆಗಳವರೆಲ್ಲ ಒಟ್ಟಿಗೆ ನಿಂತರು. ಬಿಎಚ್‌ಇಎಲ್‌ನವರಿಗೆ ಸಿಕ್ಕ ವೇತನ ನಮಗೂ ಕೊಡಿ ಅನ್ನೋದು ಬೇಡಿಕೆ. 77 ದಿನ ನಡೆಯಿತು. ಕೇಂದ್ರ ಸರ್ಕಾರ ಜಗ್ಗಲಿಲ್ಲ. ಕೇಳಿದ ಸಮಾನತೆ ಸಿಗದೆಯೇ ಕೆಲಸಕ್ಕೆ ವಾಪಸಾದೆವು. ಆ ತಿಂಗಳುಗಳಲ್ಲಿ ಅಂಗಡಿಯವರು ಉದ್ರಿ ನಿಲ್ಲಿಸಿದರು, ಹೆಂಡತಿಯ ಒಡವೆ ಅಡ ಇಟ್ಟವರು ನಮ್ಮ ಸೆಕ್ಷನ್ನಿನಲ್ಲೇ ಎಷ್ಟೋ ಜನ. ಒಗ್ಗಟ್ಟಿಗೆ ಏನೂ ಕೊರತೆ ಇರಲಿಲ್ಲ. ಎದುರಿಗೆ ಕೂತವರಿಗೆ ನಿಜವಾದ ತೀರ್ಮಾನ ಮಾಡುವ ಅಧಿಕಾರವೇ ಇರಲಿಲ್ಲ, ಅದು ದಿಲ್ಲಿಯಲ್ಲಿತ್ತು. ನೀನು ಮಾತಾಡೋ ಮನುಷ್ಯನ ಕೈಯಲ್ಲಿ ಪೆನ್ನು ಇದೆಯಾ ಅಂತ ಮೊದಲು ನೋಡಬೇಕು.

ಮಾರುಕಟ್ಟೆಯೇ ಕೈಬಿಟ್ಟರೆ ಯಾವ ಒಪ್ಪಂದವೂ ಕಾಯಲ್ಲ. ಎಚ್‌ಎಂಟಿ ವಾಚ್ ಮುಚ್ಚುವ ತೀರ್ಮಾನ 2016ರಲ್ಲಿ ಕೇಂದ್ರ ಸಂಪುಟದಲ್ಲಿ ಆದಾಗ ಅಲ್ಲಿ ಯೂನಿಯನ್ ಇರಲಿಲ್ಲ ಅಂತೇನೂ ಅಲ್ಲ.

ಎಚ್‌ಆರ್ ಮನುಷ್ಯ:
ಈ ಕೆಲಸದಲ್ಲೇ ತಲೆ ನರೆತಿದೆ, ಅದಕ್ಕೆ ನನ್ನ ಕಡೆಯದ್ದನ್ನೂ ಹೇಳ್ತೀನಿ. ಮ್ಯಾನೇಜ್‌ಮೆಂಟಿಗೆ ಯೂನಿಯನ್ ಅಂದರೆ ಬರೀ ತಲೆನೋವು ಅಂತ ತಿಳಿಯಬೇಡಿ. ಮೂರು ವರ್ಷದ ಒಪ್ಪಂದ ಕೈಗೆ ಬಂದರೆ ಕಾರ್ಮಿಕ ವೆಚ್ಚ ಎಷ್ಟು ಅಂತ ಮೊದಲೇ ಗೊತ್ತಾಗುತ್ತೆ. ಗ್ರಾಹಕ ಕಂಪನಿಗೆ ದರ ಕೊಡುವಾಗ ಅದು ದೊಡ್ಡ ಅನುಕೂಲ. ನಾಲ್ಕು ನೂರು ಜನರ ನಾಲ್ಕು ನೂರು ತಕರಾರಿನ ಬದಲು ಏಳು ಜನರ ಜೊತೆ ಕೂತು ಮುಗಿಸಬಹುದು. ಶಾಪ್ ಫ್ಲೋರ್‌ನಲ್ಲಿ ಏನು ಕುದೀತಿದೆ ಅನ್ನೋದೂ ಒಳ್ಳೆಯ ಪದಾಧಿಕಾರಿಗಳಿಂದ ಬೇಗ ತಿಳಿಯುತ್ತೆ.

ಆದರೆ ಎರಡು ಮಾತು ಹೇಳಲೇಬೇಕು. ಎಲ್ಲರಿಗೂ ಒಂದೇ ಏರಿಕೆ ಅಂದಾಗ ನಿಜವಾಗಿ ಕೆಲಸ ಕಲಿತವನಿಗೂ, ಹಾಜರಿ ಹಾಕಿ ಕ್ಯಾಂಟೀನ್ ಹತ್ತಿರ ನಿಲ್ಲುವವನಿಗೂ ವ್ಯತ್ಯಾಸ ಉಳಿಯಲ್ಲ. ಒಳ್ಳೆಯ ಟೂಲ್ ರೂಮ್ ಹುಡುಗರು ಇದೇ ಕಾರಣಕ್ಕೆ ಬಿಟ್ಟು ಹೋಗಿದ್ದನ್ನ ಕಣ್ಣಾರೆ ಕಂಡಿದ್ದೇನೆ. ಎರಡನೆಯದು ಇನ್ನೂ ಕಷ್ಟದ್ದು. ಪ್ರತಿ ಒಪ್ಪಂದದ ನಂತರ ಪರ್ಮನೆಂಟ್ ಕೆಲಸಗಾರನ ವೆಚ್ಚ ಏರುತ್ತೆ. ಆಮೇಲೆ ಖಾಲಿಯಾದ ಜಾಗಕ್ಕೆ ಪರ್ಮನೆಂಟ್ ತೆಗೆದುಕೊಳ್ಳಲು ಮೇಲಿನವರು ಒಪ್ಪಲ್ಲ, ಕಾಂಟ್ರಾಕ್ಟ್‌ನವರನ್ನ ತರುತ್ತಾರೆ. ಇದನ್ನ ಒಳ್ಳೆಯದು ಅಂತ ಹೇಳ್ತಿಲ್ಲ, ನಡೆಯುತ್ತಿರೋದನ್ನ ಹೇಳ್ತಿದ್ದೀನಿ.

ಬೊಮ್ಮನಹಳ್ಳಿ ಅಕ್ಕ:
ನೀವೆಲ್ಲ ಒಪ್ಪಂದ ಒಳ್ಳೇದಾ ಕೆಟ್ಟದ್ದಾ ಅಂತಿದ್ದೀರ. ಗಾರ್ಮೆಂಟ್ಸ್‌ನಲ್ಲಿ ನಮಗೆ ಒಪ್ಪಂದ ಅನ್ನೋದೇ ಇಲ್ಲ. ಸರ್ಕಾರ ಹೇಳಿದ ಕನಿಷ್ಠ ವೇತನ ಏನಿದೆಯೋ ಅದೇ ನಮ್ಮ ಗರಿಷ್ಠ ವೇತನ. ಹತ್ತು ವರ್ಷ ಟೈಲರ್ ಆಗಿರೋಳಿಗೂ ಹೋದ ತಿಂಗಳು ಸೇರಿದೋಳಿಗೂ ಬರೋ ದುಡ್ಡಲ್ಲಿ ವ್ಯತ್ಯಾಸ ಬಹಳ ಕಡಿಮೆ.

ಲೈನ್ ಮುಂದೆ ಒಂದು ಬೋರ್ಡ್ ಇರುತ್ತೆ. ಗಂಟೆಗೆ ಇಷ್ಟು ಪೀಸ್ ಅಂತ ಬರೆದು, ಆಗದೇ ಇದ್ದರೆ ಕೆಂಪು ಬಣ್ಣದಲ್ಲಿ ಗುರುತು ಹಾಕ್ತಾರೆ. ಸ್ಟೈಲ್ ಬದಲಾದ ದಿನ ಕೈ ಕೂರೋಕೇ ಎರಡು ಗಂಟೆ ಬೇಕು, ಆದರೂ ಬೋರ್ಡ್ ಮೇಲಿನ ಅಂಕಿ ಅದೇ. ಆ ಅಂಕಿ ಯಾರು ತೀರ್ಮಾನ ಮಾಡಿದ್ರು ಅಂತ ಕೇಳೋಕೆ ನಮಗೆ ಜಾಗವೇ ಇಲ್ಲ. ಕೇಳಿದವಳು ಮಾರನೇ ದಿನ ಬೇರೆ ಲೈನಿಗೆ. ತಮ್ಮಾ, 180 ಯಾಕೆ 205 ಆಯ್ತು ಅಂತ ಕೇಳೋಕೆ ನಿನಗೆ ಜನರಲ್ ಬಾಡಿ ಮೀಟಿಂಗ್ ಆದರೂ ಇದೆ.

2016ರ ಏಪ್ರಿಲ್‌ನಲ್ಲಿ ಪಿಎಫ್ ದುಡ್ಡು ತೆಗೆಯೋ ನಿಯಮ ಬದಲಾಯಿಸಿದಾಗ ಹೊಸೂರು ರಸ್ತೆ, ಮೈಸೂರು ರಸ್ತೆಯಲ್ಲಿ ಸಾವಿರಾರು ಹೆಣ್ಣುಮಕ್ಕಳು ರಸ್ತೆಗೆ ಇಳಿದದ್ದು ನೆನಪಿರಬೇಕು. ಯಾವ ನಾಯಕರೂ ಕರೆ ಕೊಟ್ಟಿರಲಿಲ್ಲ. ಕೇಂದ್ರ ಸರ್ಕಾರ ನಿಯಮ ವಾಪಸ್ ತಗೊಂಡಿತು. ಆದರೆ ಗೆದ್ದ ಮೇಲೆ ಏನಾಯ್ತು? ಮತ್ತೆ ಅದೇ ಬೋರ್ಡ್, ಅದೇ ಸೂಪರ್‌ವೈಸರ್ ಬೈಗುಳ. ಎರಡು ದಿನ ರಸ್ತೆ ತುಂಬಿದ್ದರಿಂದ ಒಂದು ನಿಯಮ ನಿಂತಿತು, ಆದರೆ ದಿನಾ ಕೂತು ಮಾತಾಡೋ ಟೇಬಲ್ ಬರಲಿಲ್ಲ.

ರಾಜಾಜಿನಗರ ವರ್ಕ್‌ಶಾಪ್:
ನನ್ನದು ಹದಿನೆಂಟು ಜನರ ಸಣ್ಣ ಘಟಕ, ದೊಡ್ಡ ಕಂಪನಿಗಳಿಗೆ ಜಾಬ್ ವರ್ಕ್ ಮಾಡಿಕೊಡ್ತೀವಿ. ನಮ್ಮ ಹುಡುಗರು ಹೆಚ್ಚು ಕೇಳೋದು ತಪ್ಪಲ್ಲ. ಆದರೆ ನನ್ನ ಗ್ರಾಹಕ ಪ್ರತಿ ವರ್ಷ ದರ ಇಳಿಸು ಅಂತಾನೆ. ಸಣ್ಣ ಉದ್ದಿಮೆಗೆ 45 ದಿನದೊಳಗೆ ಹಣ ಕೊಡಬೇಕು ಅಂತ ಕಾನೂನು ಇದೆ, ಮೂರು ತಿಂಗಳಾದರೂ ಬರಲ್ಲ. ದೂರು ಕೊಟ್ಟರೆ ಮುಂದಿನ ಆರ್ಡರ್ ಇರಲ್ಲ. ದೊಡ್ಡ ಕಂಪನಿಯ ಪರ್ಮನೆಂಟ್‌ನವರಿಗೆ ಒಪ್ಪಂದದಲ್ಲಿ ಏರಿದ ಹಣದ ಒಂದು ಭಾಗ ನನ್ನ ದರ ಕಡಿತದಿಂದ ಹೋಗುತ್ತೆ ಅನ್ನೋ ಸಂಕಟ ನನ್ನದು. ದರ ತೀರ್ಮಾನ ಮಾಡೋ ಆ ದೊಡ್ಡ ಖರೀದಿದಾರನನ್ನೇ ಕೂರಿಸದೆ ನಾನೂ ನನ್ನ ಹುಡುಗರೂ ಎಷ್ಟು ಚೌಕಾಸಿ ಮಾಡಿದರೂ ಹಂಚಿಕೊಳ್ಳೋಕೆ ಉಳಿದಿರೋದು ಅಷ್ಟೇ. ನಿವೃತ್ತ ಸರ್ ಪೆನ್ನಿನ ಬಗ್ಗೆ ಹೇಳಿದ್ದು ನನಗೆ ಅದಕ್ಕೇ ಮನಸ್ಸಿಗೆ ಮುಟ್ಟಿತು.

ಮಂಗಳೂರು ಕ್ಯಾಶಿಯರ್:
ಬ್ಯಾಂಕಿನವರ ಪದ್ಧತಿ ಬೇರೆ ಉಂಟು, ಅದನ್ನೂ ನೋಡಿ. ನಮ್ಮಲ್ಲಿ ಒಂದೊಂದು ಬ್ಯಾಂಕ್ ಬೇರೆ ಬೇರೆ ಕೂತುಕೊಳ್ಳುವುದಿಲ್ಲ. ಬ್ಯಾಂಕುಗಳ ಸಂಘ ಒಂದು ಕಡೆ, ಯೂನಿಯನ್‌ಗಳು ಒಟ್ಟಾಗಿ ಇನ್ನೊಂದು ಕಡೆ. ಮೊದಲ ದ್ವಿಪಕ್ಷೀಯ ಒಪ್ಪಂದ 1966ರಲ್ಲಿ, ಹನ್ನೆರಡನೆಯದು 2024ರ ಮಾರ್ಚ್‌ನಲ್ಲಿ ಆದದ್ದು. ಹನ್ನೆರಡನೆಯದರಲ್ಲಿ 17 ಶೇಕಡಾ ಏರಿಕೆ. ಇದರ ಗುಣ ಏನೆಂದರೆ, ಸಂಬಳ ಕಡಿಮೆ ಕೊಟ್ಟು ಪಕ್ಕದ ಬ್ಯಾಂಕನ್ನು ಸೋಲಿಸುವ ಸ್ಪರ್ಧೆ ಇಲ್ಲ. ಮಂಗಳೂರಿನ ಕ್ಲರ್ಕಿಗೂ ಗುವಾಹಟಿಯ ಕ್ಲರ್ಕಿಗೂ ಮೂಲ ವೇತನ ಒಂದೇ.

ದೋಷವೂ ಉಂಟು. ಆ ಒಪ್ಪಂದ ಲೆಕ್ಕಕ್ಕೆ ಬರುವುದು 2022ರ ನವೆಂಬರ್ 1ರಿಂದ, ಸಹಿ ಬಿದ್ದದ್ದು 2024ರಲ್ಲಿ. ಅಷ್ಟು ಕಾಲ ಕಾಯಬೇಕು. ವಾರಕ್ಕೆ ಐದು ದಿನ ಕೆಲಸದ ವಿಷಯಕ್ಕೆ ಎರಡೂ ಕಡೆ ಒಪ್ಪಿದ ಮೇಲೂ ಸರ್ಕಾರದ ಅನುಮತಿಗೆ ಕಾಯಬೇಕಾಯಿತು. ಜನ ಕಡಿಮೆ ಇರುವ ನಮ್ಮ ಶಾಖೆಯ ಕೌಂಟರಿನ ಒತ್ತಡ ಮಾತುಕತೆ ನಡೆಯುವ ಮುಂಬಯಿಯ ಕೋಣೆಯವರೆಗೆ ತಲುಪುವುದೇ ಇಲ್ಲ.

ಹುಬ್ಬಳ್ಳಿ ಮಂದಿ:
ಬ್ಯಾಂಕಿನವ್ರು ಪುಣ್ಯವಂತರ್ರಿ, ಅವರಿಗೆ ಕುಂತು ಮಾತಾಡೂ ಪದ್ಧತಿ ಉಳದೈತಿ. ನಮ್ಮ ಸಾರಿಗೆ ನಿಗಮದವ್ರ ಪರಿಸ್ಥಿತಿ ನೋಡ್ರಿ. ನಾಲ್ಕು ವರ್ಷಕ್ಕೊಮ್ಮೆ ಆಗಬೇಕಿದ್ದ ವೇತನ ಪರಿಷ್ಕರಣೆ 2020ರ ಜನವರಿಯಿಂದ ಬಾಕಿ ಇತ್ತು. 2020ರ ಡಿಸೆಂಬರಿನ್ಯಾಗ ಮುಷ್ಕರ, 2021ರ ಏಪ್ರಿಲಿನ್ಯಾಗ ಮತ್ತ ಮುಷ್ಕರ. ಎಷ್ಟೋ ಮಂದಿ ಕೆಲಸ ಕಳಕೊಂಡ್ರು, ಎಷ್ಟೋ ಮಂದಿಗೆ ದೂರದ ಡಿಪೋಕ್ಕ ವರ್ಗ. ಕಡೀಕ 2023ರ ಮಾರ್ಚಿನ್ಯಾಗ 15 ಪರ್ಸೆಂಟ್ ಅಂತ ಸರ್ಕಾರದ ಆದೇಶ ಬಂತು. ಅದರ ಹಿಂದಿನ 38 ತಿಂಗಳ ಅರಿಯರ್ಸ್ ಸಲುವಾಗಿನ 2025ರ ಆಗಸ್ಟ್ 5ಕ್ಕ ಮತ್ತ ಬಸ್ ನಿಂತು, ಹೈಕೋರ್ಟ್ ಮುಷ್ಕರ ನಿಲ್ಲಸ್ರಿ ಅಂತು.

ಮುಷ್ಕರದಾಗ ತ್ರಾಸ ಆಗೂದು ಯಾರಿಗೆ? ಹಳ್ಳಿಯಿಂದ ಕಾಲೇಜಿಗೆ ಬರೂ ಹುಡುಗ್ಯಾರಿಗೆ, ಕಿಮ್ಸ್ ಆಸ್ಪತ್ರೆಗೆ ಬರೂ ಮುದುಕರಿಗೆ. ಹಂಗಂತ ಡ್ರೈವರ್ ಕಂಡಕ್ಟರ್ ಬಾಯಿ ಮುಚಗೊಂಡು ಇರಬೇಕೇನ್ರಿ? ವ್ಯಾಳ್ಯಾಕ್ಕ ಸರಿಯಾಗಿ ಕುಂತು ಮಾತಾಡಿದ್ರ ಬಸ್ಸು ನಿಲ್ಲೂ ಪ್ರಸಂಗನ ಬರ್ತಿರಲಿಲ್ಲ. ನನ್ನ ಸಿಟ್ಟು ಇರೂದು ಅಲ್ಲೇ.

ನೀಲಿ ಶರ್ಟ್:
ಪೀಣ್ಯ ಹುಡುಗ ಅಣ್ಣ, ನಾನೂ ಅಂಥದ್ದೇ ಕಾರ್ಖಾನೆಯಲ್ಲಿ ಕಾಂಟ್ರಾಕ್ಟ್ ಮೇಲೆ ಇದ್ದೇನೆ. ರಾಯಚೂರು ಜಿಲ್ಲೆಯವನು, ಐಟಿಐ ಪಾಸು. ಪರ್ಮನೆಂಟ್‌ನವರದ್ದು ಬೂದು ಶರ್ಟ್, ನಮ್ಮದು ನೀಲಿ. ಮೆಷಿನ್ ಒಂದೇ, ಡ್ರಾಯಿಂಗ್ ಒಂದೇ, ರಿಜೆಕ್ಷನ್ ಆದರೆ ಬೈಗುಳವೂ ಒಂದೇ. ಅವರ ಸಂಬಳದ ಅರ್ಧವೂ ನನಗಿಲ್ಲ. ಹೋದ ಸಲ ಸೆಟಲ್‌ಮೆಂಟ್ ಆದ ದಿನ ಗೇಟಿನಲ್ಲಿ ಪಟಾಕಿ ಹೊಡೆದರು, ನಮಗೂ ಸ್ವೀಟ್ ಕೊಟ್ಟರು. ತಿಂದೆವು. ಮಾರನೇ ದಿನದಿಂದ ಹೊಸ ಟಾರ್ಗೆಟ್ ನಮಗೂ ಬಂತು, ಹೊಸ ಸಂಬಳ ಬರಲಿಲ್ಲ.

ಇಲ್ಲಿ ಎಲ್ಲರೂ ಲಾಭ ನಷ್ಟ ಅಂತ ಮಾತಾಡಿದ್ರಿ. ಮಾತುಕತೆಯಲ್ಲಿ ಹೆಸರೇ ಇಲ್ಲದವರು ಆ ಒಪ್ಪಂದದ ಭಾರ ಹೊರೋದು ನಷ್ಟದ ಲೆಕ್ಕದಲ್ಲಿ ಬರಲ್ವಾ? ಕೋಲಾರದ ನರಸಾಪುರದಲ್ಲಿ 2020ರ ಡಿಸೆಂಬರ್ 12ಕ್ಕೆ ಐಫೋನ್ ಜೋಡಿಸುತ್ತಿದ್ದ ವಿಸ್ಟ್ರಾನ್ ಕಾರ್ಖಾನೆಯಲ್ಲಿ ಗಾಜು ಒಡೆದದ್ದನ್ನ ಎಲ್ಲ ಟಿವಿಯಲ್ಲೂ ತೋರಿಸಿದರು. ಸಂಬಳ ಸರಿಯಾಗಿ ಬಂದಿಲ್ಲ, 12 ಗಂಟೆ ಪಾಳಿ ಅಂತ ಕಾಂಟ್ರಾಕ್ಟ್ ಹುಡುಗರು ಮೊದಲೇ ಹೇಳ್ತಿದ್ರು. ಆಮೇಲೆ ಸರ್ಕಾರದ ತಪಾಸಣೆಯಲ್ಲೂ ವೇತನ, ಹಾಜರಿಯ ಲೋಪಗಳು ಕಂಡವು. ಒಡೆದದ್ದು ಸರಿ ಅಂತ ನಾನು ಹೇಳಲ್ಲ, ಎಷ್ಟೋ ಹುಡುಗರು ಜೈಲಿಗೆ ಹೋದರು. ಆದರೆ ಅವರು ಹೋಗಿ ಕೂತು ಹೇಳೋಕೆ ಅಲ್ಲಿ ಯಾವ ಯೂನಿಯನ್ ಇತ್ತು?

ಲೇಬರ್ ಕೋರ್ಟ್ ವಕೀಲೆ:
ಕೆಲವು ವಿಷಯ ಕಾನೂನಿನ ಕಡೆಯಿಂದ ಹೇಳುತ್ತೇನೆ, ಯಾಕೆಂದರೆ ಇವು ತೀರ್ಮಾನಕ್ಕೆ ಬೇಕಾಗುತ್ತವೆ.

ಪೀಣ್ಯ ಹುಡುಗ ಅವರೇ, ಯೂನಿಯನ್ ಬಲ ಕುಗ್ಗಿಸುವ ಉದ್ದೇಶದಿಂದ ಇಂಥ ಹೊತ್ತಿನಲ್ಲೇ ಕೆಲವರಿಗೆ ಸಂಬಳ ಏರಿಸುವುದು ಹಿಂದಿನ ಕೈಗಾರಿಕಾ ವಿವಾದ ಕಾಯ್ದೆಯಲ್ಲೂ ಅನುಚಿತ ಕಾರ್ಮಿಕ ಪದ್ಧತಿಯಾಗಿತ್ತು. ಅದರ ಬದಲು ಬಂದ ಹೊಸ ಕೈಗಾರಿಕಾ ಸಂಬಂಧಗಳ ಸಂಹಿತೆಯಲ್ಲೂ ಹಾಗೇ ಇದೆ. ನಿಮಗೆ ಹೇಳಿದ್ದನ್ನು ಬರವಣಿಗೆಯಲ್ಲಿ ಕೊಡಿ ಅಂತ ಕೇಳಿ ನೋಡಿ. ಬಹುಶಃ ಕೊಡುವುದಿಲ್ಲ.

ಒಪ್ಪಂದದಲ್ಲಿ ಎರಡು ಬಗೆ. ಕಾರ್ಮಿಕ ಅಧಿಕಾರಿಯ ಮುಂದೆ ರಾಜಿ ಸಂಧಾನದಲ್ಲಿ ಆದದ್ದು ಆ ಕಾರ್ಖಾನೆಯ ಎಲ್ಲ ಕಾರ್ಮಿಕರಿಗೂ, ಸದಸ್ಯರಲ್ಲದವರಿಗೂ, ಆಮೇಲೆ ಸೇರುವವರಿಗೂ ಅನ್ವಯ. ಅಧಿಕಾರಿಯಿಲ್ಲದೆ ನೇರವಾಗಿ ಮಾಡಿಕೊಂಡದ್ದು ಸಹಿ ಹಾಕಿದ ಪಕ್ಷಗಳಿಗೆ ಮಾತ್ರ. ಒಪ್ಪಂದವನ್ನು ಕೋರ್ಟು ಒಟ್ಟು ಗಂಟಾಗಿ ನೋಡುತ್ತದೆ. ಏರಿಕೆ ನನಗೆ ಬೇಕು, 205 ಪೀಸ್ ಬೇಡ ಅಂತ ಬಿಡಿಸಿ ಕೇಳಲು ಬರುವುದಿಲ್ಲ. ನಿಮ್ಮ ಬೇಸರವನ್ನು ಸಹಿಗೆ ಮುಂಚೆ ಜನರಲ್ ಬಾಡಿಯಲ್ಲಿ ಹೇಳಬೇಕು, ಆಮೇಲೆ ಹೇಳಿದರೆ ತಡ.

2025ರ ನವೆಂಬರ್ 21ರಿಂದ ಕೈಗಾರಿಕಾ ಸಂಬಂಧಗಳ ಸಂಹಿತೆ ಜಾರಿಗೆ ಬಂದಿದೆ. ಒಂದಕ್ಕಿಂತ ಹೆಚ್ಚು ಯೂನಿಯನ್ ಇದ್ದರೆ, ಕಾರ್ಖಾನೆಯ ಹಾಜರಿ ಪಟ್ಟಿಯಲ್ಲಿ, ಅಂದರೆ ಮಸ್ಟರ್ ರೋಲ್‌ನಲ್ಲಿರುವ ಕಾರ್ಮಿಕರಲ್ಲಿ ಶೇ. 51 ಬೆಂಬಲ ಇರುವುದೇ ಮಾತುಕತೆಯ ಏಕೈಕ ಯೂನಿಯನ್. ಯಾರಿಗೂ ಅಷ್ಟು ಇಲ್ಲದಿದ್ದರೆ ಶೇ. 20 ಬೆಂಬಲ ಇರುವವರ ಮಂಡಳಿ. ಇದರಿಂದ ಐದು ಬಾವುಟದವರು ಐದು ಪಟ್ಟಿ ಕೊಡುವ ಗೊಂದಲ ತಪ್ಪುತ್ತದೆ. ಆದರೆ ಏಕೈಕ ಯೂನಿಯನ್ ಕಾರ್ಮಿಕರಿಂದ ದೂರವಾದರೆ ಏನಾಗುತ್ತದೆ ಎಂದು ಮುಂಬಯಿ ನೋಡಿದೆ. ಅಲ್ಲಿ 1946ರ ಕಾಯ್ದೆಯಡಿ ಗಿರಣಿ ಕಾರ್ಮಿಕರ ಪರ ಮಾತಾಡುವ ಹಕ್ಕು ಒಂದೇ ಸಂಘಕ್ಕೆ ಇತ್ತು. ಕಾರ್ಮಿಕರು ಅದನ್ನು ಬಿಟ್ಟು ಕಾರ್ಮಿಕ ನಾಯಕ ದತ್ತಾ ಸಾಮಂತ್ ಹಿಂದೆ ಹೋದರು, 1982ರ ಜನವರಿ 18ರಂದು ಸುಮಾರು ಎರಡೂವರೆ ಲಕ್ಷ ಜನರ ಮುಷ್ಕರ ಶುರುವಾಯಿತು. ಮಾಲೀಕರು, ಸರ್ಕಾರ ಅವರ ಜೊತೆ ಕೂರಲೇ ಇಲ್ಲ. ಎಷ್ಟೋ ಗಿರಣಿಗಳು ಮತ್ತೆ ಬಾಗಿಲು ತೆರೆಯಲಿಲ್ಲ.

ಇನ್ನು ಮುಷ್ಕರಕ್ಕೆ ಎಲ್ಲ ಕೈಗಾರಿಕೆಗಳಲ್ಲೂ 14 ದಿನ ಮುಂಚೆ ನೋಟಿಸ್ ಬೇಕು. ಸಂಧಾನ ನಡೆಯುತ್ತಿರುವಾಗ ಮುಷ್ಕರ ಮಾಡುವಂತಿಲ್ಲ. ಅರ್ಧ ಅಥವಾ ಅದಕ್ಕಿಂತ ಹೆಚ್ಚು ಜನ ಒಟ್ಟಾಗಿ ಸಿಎಲ್ (ಸಾಂದರ್ಭಿಕ ರಜೆ) ಹಾಕಿದರೂ ಮುಷ್ಕರವೇ. ಕಾರ್ಮಿಕರ ಕೈಯಲ್ಲಿದ್ದ ಒತ್ತಡ ಇದರಿಂದ ಕಡಿಮೆಯಾಗಿದೆ ಎಂಬುದು ನನ್ನ ಅಭಿಪ್ರಾಯ.

ನೀಲಿ ಶರ್ಟ್, ನಿಮ್ಮ ಪ್ರಶ್ನೆಗೆ: ಮಸ್ಟರ್ ರೋಲ್ ಅಂದರೆ ಕಾರ್ಖಾನೆಯದ್ದು. ನಿಮ್ಮ ಹೆಸರು ಗುತ್ತಿಗೆದಾರನ ಪುಸ್ತಕದಲ್ಲಿರುತ್ತದೆ. ಆ 51ರ ಎಣಿಕೆಯಲ್ಲಿ ನೀವು ಬರುವುದೇ ಕಷ್ಟ. ಆದರೆ ಬಾಗಿಲು ಪೂರ್ತಿ ಮುಚ್ಚಿಲ್ಲ. 1960ರಷ್ಟು ಹಿಂದೆಯೇ, ಸ್ಟ್ಯಾಂಡರ್ಡ್ ವ್ಯಾಕ್ಯೂಮ್ ರಿಫೈನಿಂಗ್ ಕಂಪನಿಯ ಪ್ರಕರಣದಲ್ಲಿ, ಗುತ್ತಿಗೆ ಕಾರ್ಮಿಕರ ವಿಷಯವಾಗಿ ಕಾಯಂ ಕಾರ್ಮಿಕರು ವಿವಾದ ಎತ್ತಬಹುದು ಎಂದು ಸುಪ್ರೀಂ ಕೋರ್ಟ್ ಒಪ್ಪಿದೆ. ಕಾಯಂನವರು ಮನಸ್ಸು ಮಾಡಬೇಕು, ಅಷ್ಟೇ.

ಪೀಣ್ಯ ಹುಡುಗ:
ಎಲ್ಲರಿಗೂ ಧನ್ಯವಾದ. ನೀಲಿ ಶರ್ಟ್ ಬರೆದದ್ದು ಓದಿ ನಮ್ಮ ಲೈನ್ ಕಣ್ಣ ಮುಂದೆ ಬಂತು. ನಮ್ಮಲ್ಲಿ 140 ಪರ್ಮನೆಂಟ್, 220 ಕಾಂಟ್ರಾಕ್ಟ್. ಇವತ್ತು ಟೀ ಸಮಯದಲ್ಲಿ ಬೇಡಿಕೆ ಪಟ್ಟಿಗೆ ಕಾಂಟ್ರಾಕ್ಟ್‌ನವರದ್ದನ್ನೂ ಸೇರಿಸೋಣ ಅಂತ ಪ್ರಸ್ತಾಪ ಮಾಡಿದೆ. ಒಬ್ಬ ಹಿರಿಯರು, "ಮನೆ ಸಾಲದ ಕಂತು ಕಟ್ಟೋನು ನಾನು, ನನ್ನ ಪಾಲಿಂದ ಕೊಡು ಅಂದರೆ ಹೇಗೆ" ಅಂದರು. ಅವರ ಮಾತಲ್ಲೂ ನ್ಯಾಯ ಇದೆ. ಇದಕ್ಕೆ ಏನು ಉತ್ತರ ಕೊಡೋದು?

ಜಾಲಹಳ್ಳಿ ನಿವೃತ್ತ:
ಲೆಕ್ಕ ಹಾಕಿ ತೋರಿಸು, ತಮ್ಮಾ. ತಿಂಗಳಿಗೆ 9,000 ಏರಿಕೆ ಕೇಳ್ತಿದ್ದೀರಿ ಅಂದುಕೋ. ಅದರಲ್ಲಿ ತಲಾ 1,000 ಬಿಟ್ಟರೆ 140 ಜನರಿಂದ 1,40,000. ಅದನ್ನ 220 ಜನಕ್ಕೆ ಹಂಚಿದರೆ ಒಬ್ಬೊಬ್ಬರಿಗೆ 636 ರೂಪಾಯಿ. ದೊಡ್ಡ ಮೊತ್ತ ಅಲ್ಲ, ನಿಜ. ಆದರೆ ನೀವು ಅಷ್ಟು ಬಿಡೋಕೆ ತಯಾರಿದ್ದೀರಿ ಅಂದಾಗ, ಮ್ಯಾನೇಜ್‌ಮೆಂಟ್ ತನ್ನ ಕಡೆಯಿಂದ ಅಷ್ಟೇ ಸೇರಿಸಲಿ ಅಂತ ಕೇಳುವ ನೈತಿಕ ಬಲ ಬರುತ್ತೆ. ಮನೆ ಸಾಲ ಇರೋ ಹಿರಿಯರಿಗೆ ಇನ್ನೊಂದು ಮಾತು ಹೇಳು. ಪಕ್ಕದಲ್ಲಿ ಅರ್ಧ ಸಂಬಳಕ್ಕೆ ಅದೇ ಕೆಲಸ ಮಾಡುವವನು ಇರೋವರೆಗೂ ಅವರ ಕೆಲಸವೂ ಭದ್ರ ಅಲ್ಲ. ಹಿಂದೆ ನಮ್ಮ ಕಾರ್ಖಾನೆಗಳಲ್ಲಿ ಕ್ಯಾಂಟೀನ್, ತೋಟ, ಲೋಡಿಂಗ್ ಮೊದಲು ಗುತ್ತಿಗೆಗೆ ಹೋದಾಗ ಅದು ನಮ್ಮ ವಿಷಯ ಅಲ್ಲ ಅಂತ ಸುಮ್ಮನಿದ್ದವರು ಬಹಳ. ಆಮೇಲೆ ಉತ್ಪಾದನೆಯ ಲೈನಿಗೇ ಬಂತು.

ಎಚ್‌ಆರ್ ಮನುಷ್ಯ:
ವಕೀಲೆ ಮೇಡಂ ಹೇಳಿದ ಒಬ್ಬೊಬ್ಬರನ್ನೇ ಕರೆಯುವ ಪದ್ಧತಿ ತಪ್ಪು, ನಾನು ಒಪ್ತೀನಿ. ಪೀಣ್ಯ ಹುಡುಗನಿಗೆ ಒಂದು ಸಲಹೆ. ಕಾಂಟ್ರಾಕ್ಟ್‌ನವರ ಸಂಬಳ ಅಂತ ನೇರವಾಗಿ ಕೇಳಿದರೆ, "ಅದು ಗುತ್ತಿಗೆದಾರನ ವಿಷಯ" ಅಂತ ಮಾತು ಅಲ್ಲೇ ಮುಗಿಯುತ್ತೆ. ಹಾಜರಿ ಬೋನಸ್, ರಾತ್ರಿ ಪಾಳಿ ಭತ್ಯೆ, ಕ್ಯಾಂಟೀನ್ ದರ, ಬಸ್ ಸೌಲಭ್ಯ ಎಲ್ಲರಿಗೂ ಒಂದೇ ಅಂತ ಕೇಳಿ. ಇವು ಕಂಪನಿಯ ಕೈಯಲ್ಲೇ ಇರುವಂಥವು. ಜೊತೆಗೆ ನಿವೃತ್ತಿಯಿಂದ ಖಾಲಿಯಾಗುವ ಜಾಗಗಳಿಗೆ ಕಾಂಟ್ರಾಕ್ಟ್‌ನವರಲ್ಲಿ ಹಿರಿತನದ ಪಟ್ಟಿ ನೋಡಿ ತೆಗೆದುಕೊಳ್ಳಬೇಕು ಅನ್ನೋ ಷರತ್ತು ಹಾಕಿಸಿ. ನಾನು ಆ ಕಡೆ ಕೂತಿದ್ದರೆ ಇದಕ್ಕೆ ಇಲ್ಲ ಅನ್ನೋದು ಕಷ್ಟ.

ಬೊಮ್ಮನಹಳ್ಳಿ ಅಕ್ಕ:
ಟಾರ್ಗೆಟ್ ವಿಷಯವನ್ನೂ ಬಿಡಬೇಡಪ್ಪ. ಅಂಕಿ ಏರಿಸುವ ಮುಂಚೆ ಆ ಮೆಷಿನ್ ಮೇಲೆ ನಿಲ್ಲೋರಲ್ಲಿ ಇಬ್ಬರು ಸಮಿತಿಯಲ್ಲಿ ಇರಬೇಕು ಅಂತ ಬರೆಸು. ಒಬ್ಬ ಬೂದು ಶರ್ಟ್, ಒಬ್ಬ ನೀಲಿ ಶರ್ಟ್.

ಲೇಬರ್ ಕೋರ್ಟ್ ವಕೀಲೆ:
ಇವೆಲ್ಲವನ್ನೂ ಜನರಲ್ ಬಾಡಿಯ ನಡಾವಳಿ ಪುಸ್ತಕದಲ್ಲಿ ಮೊದಲು ದಾಖಲಿಸಿ. ಸಾಧ್ಯವಾದರೆ ಒಪ್ಪಂದವನ್ನು ಬನ್ನೇರುಘಟ್ಟ ರಸ್ತೆಯ ಕಾರ್ಮಿಕ ಭವನದಲ್ಲಿ ಅಧಿಕಾರಿಯ ಮುಂದೆ ಸಂಧಾನದಲ್ಲೇ ಮುಗಿಸಿ. ಅವಧಿ ಮುಗಿದ ಕೂಡಲೇ ಹಳೆಯದು ಬಿದ್ದುಹೋಗುವುದಿಲ್ಲ, ಒಂದು ಕಡೆಯವರು ನೋಟಿಸ್ ಕೊಟ್ಟು ಕೊನೆಗೊಳಿಸುವವರೆಗೂ ನಡೆಯುತ್ತದೆ. ಅವಸರದಲ್ಲಿ ಸಹಿ ಹಾಕಬೇಡಿ. ನೀಲಿ ಶರ್ಟ್, ನಿಮ್ಮವರು ಮೊದಲು ಏನು ಕೇಳಬೇಕೆಂದಿದ್ದೀರಿ?

ನೀಲಿ ಶರ್ಟ್:
ಮೇಡಂ, ಸಂಬಳ ಎರಡನೆಯದು. ಮೊದಲು ಪೇ ಸ್ಲಿಪ್. ನಮ್ಮ ಪಿಎಫ್, ಇಎಸ್‌ಐ ಎಷ್ಟು ಕಟ್ಟಾಗಿದೆ, ಓಟಿ ಎಷ್ಟು ಗಂಟೆ ಹಾಕಿದ್ದಾರೆ ಅಂತ ಗೊತ್ತಾಗಬೇಕು. ಆಮೇಲೆ ಗುತ್ತಿಗೆದಾರ ಬದಲಾದಾಗ ನಮ್ಮ ಸೇವೆ ಮೊದಲ ದಿನದಿಂದ ಲೆಕ್ಕಕ್ಕೆ ಬರಬೇಕು. ಹೋದ ಸಲ ಗುತ್ತಿಗೆದಾರ ಬದಲಾದಾಗ ನಾಲ್ಕು ವರ್ಷ ದುಡಿದವರೂ ಹೊಸಬರಾದರು. ಈ ಎರಡು ನಮ್ಮ ಕಾರ್ಖಾನೆಯ ಯೂನಿಯನ್‌ನವರ ಪಟ್ಟಿಗೆ ಸೇರಿದರೆ ಗೇಟ್ ಮೀಟಿಂಗ್‌ಗೆ ನಾವೆಲ್ಲ ಬರ್ತೀವಿ. ಭಾನುವಾರ ರೂಮಿನ ಹುಡುಗರನ್ನ ಕೂರಿಸಿ ಎಲ್ಲರ ಸೇರಿದ ತಾರೀಖು ಬರೆಸಿಕೊಳ್ತಿದ್ದೇನೆ.